ಸುರಂಗಕ್ಕೆ ಒಬ್ಬ ಟೀಚರ್ ಹೆಸರು: ಆಂತೋನಿಯೇತಾ ದೆ ಬಾರೋಸ್ ಬಗ್ಗೆ ಯಾರಾದರೂ ಓದಿದ್ದೀರಾ?

ಫ್ಲೋರಿಪಾ ಕನ್ನಡಿಗ

ಎಲ್ಲರಿಗೂ ನಮಸ್ಕಾರ. ನಾನು ದಾವಣಗೆರೆ ಕಡೆಯವನು. ಎರಡು ವರ್ಷದಿಂದ ಬ್ರೆಜಿಲ್‌ನ ಫ್ಲೋರಿಯನಾಪೊಲಿಸ್‌ನಲ್ಲಿ ಸಾಫ್ಟ್‌ವೇರ್ ಕೆಲಸ. ಹೆಸರು ಉದ್ದವಾಯಿತು ಅಂತ ಇಲ್ಲಿಯವರೇ ಫ್ಲೋರಿಪಾ ಅನ್ನುತ್ತಾರೆ. ಸಾಂತಾ ಕತರೀನಾ ರಾಜ್ಯದ ರಾಜಧಾನಿ ಇದು. ಊರಿನ ಜಾಸ್ತಿ ಭಾಗ ಒಂದು ದ್ವೀಪದ ಮೇಲಿದೆ.

ನಾನಿರುವ ಕಡೆಯಿಂದ ಪೇಟೆಗೆ ಹೋಗಬೇಕಾದರೆ ಒಂದು ಸುರಂಗ ದಾಟಬೇಕು. ಅದರ ಹೆಸರು ಆಂತೋನಿಯೇತಾ ದೆ ಬಾರೋಸ್ ಸುರಂಗ. ಯಾವುದೋ ದೊಡ್ಡ ಮನೆತನದ ಹೆಂಗಸು, ಇಲ್ಲವೇ ಹಳೇ ಗವರ್ನರ್ ಹೆಂಡತಿ ಇರಬೇಕು ಅಂದುಕೊಂಡು ಒಂದೂವರೆ ವರ್ಷ ಅದರೊಳಗೆ ಓಡಾಡಿದೆ. ಆಮೇಲೊಂದು ದಿನ ಪೇಟೆಯ ಎತ್ತರದ ಕಟ್ಟಡದ ಗೋಡೆ ತುಂಬಾ ಬಿಡಿಸಿದ ಅವರ ಮುಖ ಕಣ್ಣಿಗೆ ಬಿತ್ತು. ಕಪ್ಪು ಹೆಂಗಸು. ಈ ರಾಜ್ಯ ಅಂದರೆ ಜರ್ಮನ್ ಮತ್ತು ಇಟಾಲಿಯನ್ ವಲಸಿಗರದು, ಬಿಯರ್ ಹಬ್ಬದ್ದು ಅಂತಲೇ ಎಲ್ಲರೂ ಹೇಳುವುದು. ಹಾಗಾಗಿ ಕುತೂಹಲವಾಯಿತು. ನನಗೆ ಪೋರ್ಚುಗೀಸ್ ಕಲಿಸುವ ಮೇಡಂನ ಕೇಳಿದೆ. ಅವರು ಅವತ್ತಿನ ಪಾಠವನ್ನೇ ಬಿಟ್ಟು ಈ ಕಥೆ ಹೇಳಿದರು.

ಆಂತೋನಿಯೇತಾ ಹುಟ್ಟಿದ್ದು 1901ರ ಜುಲೈ 11ರಂದು, ಇದೇ ಊರಲ್ಲಿ. ಬ್ರೆಜಿಲ್‌ನಲ್ಲಿ ಗುಲಾಮಗಿರಿ ನಿಂತದ್ದು 1888ರ ಮೇ 13ರಂದು. ಅಂದರೆ ನಡುವೆ ಬರೀ 13 ವರ್ಷ. ಅಮ್ಮ ಕತರೀನಾ ಗುಲಾಮಗಿರಿಯಿಂದ ಬಿಡುಗಡೆಯಾದವರು. ಬೇರೆಯವರ ಬಟ್ಟೆ ಒಗೆದು ಸಂಸಾರ ಮಾಡಿದವರು. ಅಪ್ಪ ತೋಟದ ಮಾಲಿ, ಬೇಗ ತೀರಿಕೊಂಡರು. ಒಗೆದ ದುಡ್ಡು ಸಾಲದೆ ಅಮ್ಮ ಮನೆಯಲ್ಲೇ ಓದುವ ಹುಡುಗರಿಗೆ ಊಟ, ವಸತಿ ಕೊಡುತ್ತಿದ್ದರು. ಆ ಹುಡುಗರ ಪುಸ್ತಕ ನೋಡುತ್ತಾ ನೋಡುತ್ತಾ ಮಗಳಿಗೆ ಅಕ್ಷರ ಬಂತು ಅಂತ ಇಲ್ಲಿ ಹೇಳುತ್ತಾರೆ.

ಮುಂದೆ ಟೀಚರ್ ತರಬೇತಿ ಶಾಲೆ ಸೇರಿ 1921ರಲ್ಲಿ ಮುಗಿಸಿದರು. ಮರುವರ್ಷವೇ ತಮ್ಮದೇ ಒಂದು ಖಾಸಗಿ ತರಗತಿ ಶುರು ಮಾಡಿದರು, ಬಡವರಿಗೆ ಅಕ್ಷರ ಕಲಿಸಲಿಕ್ಕೆ. ಪತ್ರಿಕೆ ನಡೆಸಿದರು. 1934ರಲ್ಲಿ ರಾಜ್ಯದ ಶಾಸನಸಭೆಗೆ ಚುನಾವಣೆಗೆ ನಿಂತರು. ಸಾಂತಾ ಕತರೀನಾ ಶಾಸನಸಭೆಯ ಮೊದಲ ಮಹಿಳೆ ಅವರು. ಬ್ರೆಜಿಲ್‌ನಲ್ಲಿ ಜನರ ಮತದಿಂದ ಶಾಸನಸಭೆಗೆ ಹೋದ ಮೊದಲ ಕಪ್ಪು ಮಹಿಳೆಯೂ ಅವರೇ. ಬಟ್ಟೆ ಒಗೆಯುವವಳ ಮಗಳು.

ಕನ್ನಡದಲ್ಲಿ ಇವರ ಬಗ್ಗೆ ಹುಡುಕಿದರೆ ನನಗೇನೂ ಸಿಗಲಿಲ್ಲ. ಅದಕ್ಕೇ ಇಲ್ಲಿ ಹಾಕುತ್ತಿದ್ದೇನೆ. ಗೊತ್ತಿದ್ದವರು ಸೇರಿಸಿ.

ಹಳೇ ಪುಟ

ಒಳ್ಳೆ ವಿಷಯ ತೆಗೆದಿರಿ. ಒಂದೆರಡು ತಿದ್ದುಪಡಿ, ಬೇಜಾರು ಮಾಡಿಕೊಳ್ಳಬೇಡಿ.

1934ರಲ್ಲಿ ಅವರು ನೇರವಾಗಿ ಗೆದ್ದು ಕೂತದ್ದಲ್ಲ. ಲಿಬರಲ್ ಪಕ್ಷದ ಪಟ್ಟಿಯಲ್ಲಿ ಬದಲಿ ಸದಸ್ಯೆಯಾಗಿ ಆಯ್ಕೆಯಾದರು. ಗೆದ್ದವರೊಬ್ಬರು ಸ್ಥಾನ ತೆಗೆದುಕೊಳ್ಳಲಿಲ್ಲ, ಇವರು 1935ರಲ್ಲಿ ಒಳಗೆ ಬಂದರು. ಅಲ್ಲಿನ ಪದ್ಧತಿಯಲ್ಲಿ ಬದಲಿ ಸದಸ್ಯರಿಗೂ ಜನರೇ ಮತ ಹಾಕಿರುತ್ತಾರೆ. ಆದ್ದರಿಂದ 'ಆಯ್ಕೆಯಾದ ಮೊದಲ ಕಪ್ಪು ಮಹಿಳೆ' ಅನ್ನುವುದು ತಪ್ಪಲ್ಲ. ಆದರೆ ಪೂರ್ತಿ ಕಥೆ ಇದು.

ಇನ್ನೊಂದು. ಬ್ರೆಜಿಲ್ ಹೆಂಗಸರಿಗೆ ಮತದ ಹಕ್ಕು ಬಂದದ್ದು 1932ರಲ್ಲಿ. 1934ರ ಸಂವಿಧಾನದಲ್ಲಿ ಒಂದು ತಮಾಷೆ ಇದೆ. ಗಂಡಸರಿಗೆ ಮತ ಕಡ್ಡಾಯ, ಹೆಂಗಸರಲ್ಲಿ ಸರ್ಕಾರಿ ಸಂಬಳದ ಕೆಲಸದಲ್ಲಿ ಇರುವವರಿಗೆ ಮಾತ್ರ ಕಡ್ಡಾಯ. ಆ ಕಾಲದಲ್ಲಿ ಸರ್ಕಾರಿ ಸಂಬಳದ ಹೆಂಗಸು ಅಂದರೆ ಯಾರು? ಮುಖ್ಯವಾಗಿ ಶಾಲೆ ಟೀಚರ್! ಹಾಗಾಗಿ ಅಲ್ಲಿನ ಮೊದಲ ಮಹಿಳಾ ಮತದಾರರ ಸಾಲಿನಲ್ಲಿ ಸ್ಲೇಟು ಬಳಪದ ಧೂಳು ಸೀರೆಗೆ ಮೆತ್ತಿಕೊಂಡವರೇ ಜಾಸ್ತಿ ಇದ್ದಿರಬೇಕು. (ಸೀರೆ ಅಲ್ಲ, ಗೌನು. ಕೈ ತಪ್ಪಿ ಬಂತು, ಇರಲಿ ಬಿಡಿ.)

ಕೋಲಾರದ ಟೀಚರ್

ಫ್ಲೋರಿಪಾ ತಮ್ಮಾ, ತುಂಬಾ ಥ್ಯಾಂಕ್ಸ್. ಓದಿ ಸುಮ್ನೆ ಇರೋಕೆ ಆಗಲಿಲ್ಲ. ಆ ಖಾಸಗಿ ತರಗತಿ ಬಗ್ಗೆ ಇನ್ನೂ ಸ್ವಲ್ಪ ಹೇಳ್ತೀಯಾ? ಶಾಸನಸಭೆ ವಿಷಯ ಎಲ್ಲರೂ ಬರೀತಾರೆ. ನನಗೆ ಪಾಠ ಮಾಡಿದ್ದು ಬೇಕು.

ಫ್ಲೋರಿಪಾ ಕನ್ನಡಿಗ

ಅಕ್ಕಾ, ಖಂಡಿತ. 1922ರಲ್ಲಿ ಶುರುವಾದಾಗ ಅವರಿಗೆ 21 ವರ್ಷ ವಯಸ್ಸು. ತರಗತಿಗೆ ತಮ್ಮ ಹೆಸರನ್ನೇ ಇಟ್ಟಿದ್ದರು. ಅಲ್ಲಿಂದ 1952ರಲ್ಲಿ ಸಾಯುವವರೆಗೂ ನಡೆಸಿದರು. ಅಂದರೆ 30 ವರ್ಷ. ನಡುವೆ ಶಾಸಕಿಯಾದರು, ಸರ್ಕಾರಿ ವಿದ್ಯಾಸಂಸ್ಥೆಯ ನಿರ್ದೇಶಕಿಯಾದರು, ಶ್ರೀಮಂತರ ಹೆಣ್ಣುಮಕ್ಕಳು ಓದುವ ಕಾನ್ವೆಂಟಿನಲ್ಲಿ ಪಾಠ ಮಾಡಿದರು. ಏನೇ ಆದರೂ ಈ ತರಗತಿ ಮಾತ್ರ ಬಿಡಲಿಲ್ಲ. ಅವರು ತೀರಿಕೊಂಡ ಮೇಲೆ ಸೋದರಿ ಲಿಯೊನೋರ್ 1964ರವರೆಗೆ ಮುಂದುವರಿಸಿದರು. ಅವರೂ ಟೀಚರ್.

ಪತ್ರಿಕೆ ಕೆಲಸವೂ ಅದೇ 1922ರಲ್ಲೇ. 'ಆ ಸೆಮಾನಾ', ಅಂದರೆ 'ವಾರ' ಅನ್ನುವ ಪತ್ರಿಕೆಯನ್ನು 1927ರವರೆಗೆ ನಡೆಸಿದರು. ಬರೆಯುತ್ತಿದ್ದದ್ದು 'ಮರಿಯಾ ದಾ ಇಲ್ಯಾ' ಅನ್ನುವ ಹೆಸರಲ್ಲಿ.

ಲಿಸ್ಬನ್ ಸೊಸೆ

'ಮರಿಯಾ ದಾ ಇಲ್ಯಾ' ಅಂದರೆ 'ದ್ವೀಪದ ಮರಿಯಾ'. ಎಷ್ಟು ಚಂದ ಇದೆ ಅಲ್ವಾ? ಮರಿಯಾ ಅಂದರೆ ಪೋರ್ಚುಗೀಸ್ ಊರುಗಳಲ್ಲಿ ನಮ್ಮ ಲಕ್ಷ್ಮಿ, ಗೌರಿ ಇದ್ದ ಹಾಗೆ. ಬೀದಿಗೆ ನಾಲ್ಕು ಜನ ಇರ್ತಾರೆ. ದ್ವೀಪದ ಯಾವುದೋ ಒಬ್ಬ ಮರಿಯಾ, ಅಷ್ಟೇ. ದ್ವೀಪವನ್ನು ದಡಕ್ಕೆ ಸೇರಿಸುವ ಹೆರ್ಸಿಲಿಯೊ ಲೂಸ್ ಸೇತುವೆ ತೆರೆದದ್ದು 1926ರಲ್ಲಿ. ಅಲ್ಲಿಯವರೆಗೆ ದೋಣಿಯೇ ಗತಿ. ಹಾಗಾಗಿ 'ದ್ವೀಪದವಳು' ಅನ್ನುವ ಮಾತಿಗೆ ಆಗ ನಿಜವಾದ ಅರ್ಥ ಇತ್ತು.

ಅವರ ಲೇಖನಗಳನ್ನು ಸೇರಿಸಿ 1937ರಲ್ಲಿ 'ಫಾರಾಪೊಸ್ ದೆ ಇದೇಯಾಸ್' ಅಂತ ಪುಸ್ತಕ ಬಂತು. 'ಯೋಚನೆಗಳ ಚಿಂದಿ' ಅನ್ನಬಹುದು. ಚಿಂದಿಬಟ್ಟೆ ಅನ್ನುವಾಗ ಬರುವ ಅದೇ ಚಿಂದಿ. ಅಗಸಗಿತ್ತಿಯ ಮಗಳು ಪುಸ್ತಕಕ್ಕೆ ಇಟ್ಟ ಹೆಸರು ನೋಡಿ. ಮೊದಲ ಮುದ್ರಣದ ದುಡ್ಡನ್ನು ಕುಷ್ಠರೋಗದ ಆಸ್ಪತ್ರೆಯಲ್ಲಿದ್ದವರ ಮಕ್ಕಳಿಗೆ ಆಸರೆ ಕಟ್ಟಲು ಕೊಟ್ಟುಬಿಟ್ಟರು.

ಮಳೆಗಾಲ

ಎಲ್ಲರೂ ಹೊಗಳುತ್ತಿದ್ದೀರಿ, ಸರಿ. ನಾನೊಂದು ಕೇಳುತ್ತೇನೆ. ಇವರನ್ನು ಸಾಮಾಜಿಕ ನ್ಯಾಯದ ಹೋರಾಟಗಾರ್ತಿ ಅನ್ನುವುದು ಎಷ್ಟು ಸರಿ? ಇವರ ಪಕ್ಷ ರಾಮೋಸ್ ಕುಟುಂಬದ್ದು. ಅದು ಆ ರಾಜ್ಯದ ದೊಡ್ಡ ಜಮೀನುದಾರರ ಮನೆತನ. ಇವರ ಅಮ್ಮ ಅದೇ ಮನೆತನದ ವಿದಾಲ್ ರಾಮೋಸ್ ಮನೆಯಲ್ಲಿ ಕೆಲಸಕ್ಕಿದ್ದರು. ವಿದಾಲ್ ಅವರ ಮಗ ನೆರೆಯು ರಾಮೋಸ್ 1935ರಲ್ಲಿ ಗವರ್ನರ್ ಆದರು. ಆಗ ಗವರ್ನರ್‌ನ ಆರಿಸುತ್ತಿದ್ದದ್ದು ಇದೇ ಶಾಸನಸಭೆ. ಅಂದರೆ ಧಣಿಗಳ ಮನೆಯ ಕೃಪೆ ಇತ್ತು ಅಂತಲೇ ಅರ್ಥ ಅಲ್ವಾ? 1937ರಲ್ಲಿ ಅಧ್ಯಕ್ಷ ಜೆಟೂಲಿಯೊ ವಾರ್ಗಸ್ ಸರ್ವಾಧಿಕಾರ ತಂದು ಎಲ್ಲ ಶಾಸನಸಭೆಗಳನ್ನು ಮುಚ್ಚಿಸಿದ. ನೆರೆಯು ಮಾತ್ರ ಅದೇ ಕುರ್ಚಿಯಲ್ಲಿ 1945ರವರೆಗೆ ಕೂತರು. ಇವರೂ ನಿರ್ದೇಶಕಿ ಹುದ್ದೆಯಲ್ಲಿ ಇದ್ದರು. ಬೀದಿಗಿಳಿದು ಕೂಗಿದ್ದು ಎಲ್ಲೂ ಕಾಣಲಿಲ್ಲ ನನಗೆ.

ಹಳೇ ಪುಟ

ಮಳೆಗಾಲ ಅವರೇ, ನೀವು ಹೇಳಿದ ಸಂಗತಿಗಳೆಲ್ಲ ಸರಿ. ತೀರ್ಮಾನ ಮಾತ್ರ ಅವಸರದ್ದು.

1920ರ ದಶಕದ ಫ್ಲೋರಿಯನಾಪೊಲಿಸ್‌ನಲ್ಲಿ ಒಬ್ಬ ಕಪ್ಪು ಹುಡುಗಿಗೆ ಇದ್ದ ದಾರಿಗಳು ಎಷ್ಟು ಅಂತ ಲೆಕ್ಕ ಹಾಕಿ. ಕಾಲೇಜಿಗೆ ಹೋಗಬೇಕಾದರೆ 'ಜಿನಾಸಿಯೊ' ಅನ್ನುವ ಹೈಸ್ಕೂಲು ಮುಗಿಸಬೇಕು. ಊರಲ್ಲಿದ್ದ ದೊಡ್ಡ ಜಿನಾಸಿಯೊ ಜೆಸ್ಯೂಟ್ ಪಾದ್ರಿಗಳದು, ಹುಡುಗರಿಗೆ ಮಾತ್ರ. ಹುಡುಗಿಯರಿಗೆ ಉಳಿದದ್ದು ಟೀಚರ್ ತರಬೇತಿ ಶಾಲೆ. ಏಣಿಗೆ ಇದ್ದದ್ದೇ ಒಂದು ಮೆಟ್ಟಿಲು. ಅದನ್ನು ಹತ್ತಿ ನಿಂತ ಮೇಲೆ ಪಕ್ಕದಲ್ಲಿ ಯಾರ ಕೈ ಹಿಡಿದರು ಅಂತ ನಾವು ಈಗ ಕೇಳುತ್ತಿದ್ದೇವೆ.

ಒಳಗೆ ಹೋದ ಮೇಲೆ ಮಾಡಿದ್ದು ನೋಡಿ. 1935ರಲ್ಲಿ ರಾಜ್ಯದ ಸಂವಿಧಾನ ಬರೆಯುವಾಗ ಶಿಕ್ಷಣ-ಸಂಸ್ಕೃತಿ ಅಧ್ಯಾಯ ಮತ್ತು ಸರ್ಕಾರಿ ನೌಕರರ ಅಧ್ಯಾಯ, ಎರಡರ ಹೊಣೆಯೂ ಇವರದೇ. ಟೀಚರ್ ಹುದ್ದೆಗೆ ಪರೀಕ್ಷೆ ಮೂಲಕ ನೇಮಕ ಆಗಬೇಕು ಅಂತ ಪಟ್ಟು ಹಿಡಿದರು. ಬಡ ಮಕ್ಕಳಿಗೆ ವಿದ್ಯಾರ್ಥಿವೇತನ ಕೇಳಿದರು. ಮೇಲ್ನೋಟಕ್ಕೆ ಸಪ್ಪೆ ವಿಷಯ. ಆದರೆ ಯೋಚಿಸಿ: ಆಗ ಟೀಚರ್ ಕೆಲಸ ಸಿಗುತ್ತಿದ್ದದ್ದು ಊರ ಗೌಡರ ಚೀಟಿಯ ಮೇಲೆ. ಅವರ ಪಕ್ಷವೇ ಅಂಥ ಚೀಟಿ ಬರೆಯುವವರದು. ಆ ಪಕ್ಷದಲ್ಲಿ ಕೂತು ಚೀಟಿ ಬೇಡ, ಪರೀಕ್ಷೆ ಇಡಿ ಅನ್ನುವುದು ಕಡಿಮೆ ಧೈರ್ಯವಾ?

ಕೋಲಾರದ ಟೀಚರ್

ಚೀಟಿ ವಿಷಯ ಬಂತು ಅಂತ ಹೇಳ್ತೀನಿ. ನಾನು ಕೆಲಸಕ್ಕೆ ಸೇರಿದ ಹೊಸದರಲ್ಲಿ ಒಂದು ವರ್ಗಾವಣೆಗೆ ಮೂರು ವರ್ಷ ಅಲೆದಿದ್ದೇನೆ. 'ಯಾರ ಕಡೆಯಿಂದ ಬಂದ್ರಿ?' ಇದೇ ಮೊದಲ ಪ್ರಶ್ನೆ. ಯಾವ ಕಚೇರಿ, ಯಾರು ಅಂತ ಬೇಡ ಈಗ. ಕೌನ್ಸೆಲಿಂಗ್ ಪದ್ಧತಿ ಬಂದ ಮೇಲೆ ಉಸಿರು ಬಂತು. ಅದಕ್ಕೇ ಪರೀಕ್ಷೆ, ನಿಯಮ, ಪಟ್ಟಿ ಇವೆಲ್ಲ ಸಪ್ಪೆ ಅಂತ ನನಗಂತೂ ಅನಿಸಲ್ಲ.

ಲಿಸ್ಬನ್ ಸೊಸೆ

ಮಳೆಗಾಲ ಅವರ ಪ್ರಶ್ನೆಗೆ ನನ್ನದೂ ಒಂದು ಮಾತು. ಅವರ ಅಂಕಣಗಳಲ್ಲಿ ಶಿಕ್ಷಣ, ಹೆಂಗಸರ ಸ್ಥಾನ, ಊರಿನ ನಡವಳಿಕೆ ಇವೇ ಜಾಸ್ತಿ. ಬಣ್ಣದ ಬಗ್ಗೆ ನೇರವಾಗಿ ಬರೆದದ್ದು ಕಡಿಮೆ. ಕಟ್ಟಾ ಕ್ಯಾಥೊಲಿಕ್ ಹೆಂಗಸು, ಮಾತಿನಲ್ಲಿ ತುಂಬಾ ಸಂಯಮ. ಆದರೆ ಒಂದು ಘಟನೆ ಇದೆ.

1951ರಲ್ಲಿ ರಾಜ್ಯದ ಶಿಕ್ಷಣದ ಬಗ್ಗೆ ಜಗಳ ಆಯಿತು. ಎದುರು ಪಕ್ಷದ ಒಬ್ಬ ಶಾಸಕ, ಇತಿಹಾಸಕಾರ ಅಂತ ಹೆಸರು ಮಾಡಿದವರು ಬೇರೆ. ಇವರ ಬರಹವನ್ನು ಪತ್ರಿಕೆಯಲ್ಲಿ 'ಸೆಂಜಾಲಾದ ಅಗ್ಗದ ಚಾಡಿ' ಅಂತ ಕರೆದರು. ಸೆಂಜಾಲಾ ಅಂದರೆ ತೋಟದ ಧಣಿಯ ಮನೆ ಹಿಂದೆ ಗುಲಾಮರನ್ನು ಕೂಡಿಹಾಕುತ್ತಿದ್ದ ಕೊಟ್ಟಿಗೆ. 30 ವರ್ಷ ಪಾಠ ಮಾಡಿದ, ಎರಡು ಸಲ ಶಾಸಕಿಯಾದ, 50ರ ಹತ್ತಿರದ ಹೆಂಗಸಿಗೆ ಆಡಿದ ಮಾತು ಇದು. ಅಮ್ಮ ಗುಲಾಮಳಾಗಿದ್ದಳು ಅಂತ ಊರಿಗೆಲ್ಲ ಗೊತ್ತು. ಅದನ್ನೇ ಎತ್ತಿ ಹೊಡೆದದ್ದು.

ಅವರು ಸುಮ್ಮನಿರಲಿಲ್ಲ. ಪತ್ರಿಕೆಯಲ್ಲೇ ಉತ್ತರ ಕೊಟ್ಟರು, ತಾನು ಕಪ್ಪು ಹೆಂಗಸು ಅನ್ನುವುದನ್ನು ಮುಚ್ಚಿಡದೆ. ಮರುವರ್ಷ ಮಾರ್ಚ್ 28ಕ್ಕೆ ಸಕ್ಕರೆ ಕಾಯಿಲೆಯಿಂದ ತೀರಿಕೊಂಡರು. 51 ತುಂಬಿರಲಿಲ್ಲ.

ಮಳೆಗಾಲ

ಈ ಘಟನೆ ನನಗೆ ಗೊತ್ತಿರಲಿಲ್ಲ. 'ಕೃಪೆ' ಅನ್ನುವ ಪದ ವಾಪಸ್ ತೆಗೆದುಕೊಳ್ಳುತ್ತೇನೆ. ಪಕ್ಷದ ಬಗ್ಗೆ ನನ್ನ ತಕರಾರು ಮಾತ್ರ ಹಾಗೇ ಇದೆ.

ಯಲ್ಲಾಪುರ ಹುಡುಗ

ಸೆಂಜಾಲಾ ಅಂತ ಓದಿ ಮೈ ಜುಮ್ಮೆಂದಿತು. ನಾನು ಸಿದ್ದಿ. ನಮ್ಮ ಕಡೆ ಯಲ್ಲಾಪುರ, ಹಳಿಯಾಳ, ಮುಂಡಗೋಡ, ಅಂಕೋಲಾ ಕಾಡಂಚಿನಲ್ಲಿ ನಮ್ಮವರ ಊರುಗಳಿವೆ. ನಮ್ಮ ಹಿರಿಯರು ಆಫ್ರಿಕಾದ ಪೂರ್ವ ಕರಾವಳಿಯಿಂದ ಬಂದವರು. ಬಹಳ ಜನರನ್ನು ಪೋರ್ಚುಗೀಸರೇ ಗೋವಾಕ್ಕೆ ಗುಲಾಮರಾಗಿ ತಂದದ್ದು, ಅಲ್ಲಿಂದ ತಪ್ಪಿಸಿಕೊಂಡು ಘಟ್ಟ ಹತ್ತಿದರು ಅಂತ ನಮ್ಮ ಅಜ್ಜಿ ಹೇಳುತ್ತಿದ್ದರು. ಮೊಜಾಂಬಿಕ್‌ನಿಂದ ಹೊರಟ ಪೋರ್ಚುಗೀಸ್ ಹಡಗು ಒಂದು ಗೋವಾ ಕಡೆ ಬಂತು, ಇನ್ನೊಂದು ಬ್ರೆಜಿಲ್ ಕಡೆ ಹೋಯಿತು. ಯಾರು ಯಾವ ಹಡಗಿಗೆ ಅನ್ನುವುದು ಅವರ ಕೈಲಿರಲಿಲ್ಲ.

ಶಾಂತಾರಾಮ ಸಿದ್ದಿಯವರು ವಿಧಾನ ಪರಿಷತ್ತಿಗೆ ಹೋದದ್ದು 2020ರಲ್ಲಿ. ನಮ್ಮವರಲ್ಲಿ ಮೊದಲನೆಯವರು. ಅವತ್ತು ನಮ್ಮ ಕೇರಿಯಲ್ಲಿ ಡಮಾಮಿ ಬಾರಿಸಿದ್ದೇ ಬಾರಿಸಿದ್ದು. ಅವರೂ ನಾಮನಿರ್ದೇಶನದಿಂದ ಹೋದವರೇ, ಪಕ್ಷದವರೇ. ಆದರೂ ನಮಗೆ ಖುಷಿ ಕಡಿಮೆ ಆಗಲಿಲ್ಲ ಸಾರ್. ಮಳೆಗಾಲ ಸಾರ್‌ಗೆ ಅಷ್ಟೇ ಹೇಳಬೇಕಿತ್ತು.

ಮಳೆಗಾಲ

ಇದಕ್ಕೆ ನನ್ನ ಹತ್ತಿರ ಉತ್ತರ ಇಲ್ಲ ತಮ್ಮಾ.

ಫ್ಲೋರಿಪಾ ಕನ್ನಡಿಗ

ಯಲ್ಲಾಪುರದ ಗೆಳೆಯಾ, ಇಲ್ಲಿಗೆ ತಂದವರ ಸಂಖ್ಯೆ ಸುಮಾರು 48 ಲಕ್ಷ. ಅಮೆರಿಕ ಖಂಡಗಳಲ್ಲಿ ಇಷ್ಟು ಜನರನ್ನು ಬೇರೆ ಯಾವ ದೇಶಕ್ಕೂ ತರಲಿಲ್ಲ. ಗುಲಾಮಗಿರಿಯನ್ನು ಕೊನೆಗೆ ಬಿಟ್ಟದ್ದೂ ಇದೇ ದೇಶ. ಇವತ್ತು, 2022ರ ಜನಗಣತಿಯಲ್ಲಿ ತಮ್ಮನ್ನು 'ಪರ್ದೊ', ಅಂದರೆ ಮಿಶ್ರ ಬಣ್ಣದವರು ಅಂದುಕೊಂಡವರು 45.3%, 'ಪ್ರೆತೊ', ಅಂದರೆ ಕಪ್ಪು ಅಂದವರು 10.2%. ಎರಡೂ ಸೇರಿದರೆ ಅರ್ಧಕ್ಕಿಂತ ಜಾಸ್ತಿ. ಆದರೆ ನನ್ನ ಆಫೀಸಿನ ಮಹಡಿಯಲ್ಲಿ ಕೂತು ನೋಡಿದರೆ ಹಾಗನಿಸುವುದಿಲ್ಲ.

ಇನ್ನೊಂದು ಮುಖ್ಯ ವಿಷಯ ಮರೆತಿದ್ದೆ. ಬ್ರೆಜಿಲ್‌ನಲ್ಲಿ ಶಿಕ್ಷಕರ ದಿನ ಅಕ್ಟೋಬರ್ 15. ಅದನ್ನು ಮೊದಲು ಕಾನೂನು ಮಾಡಿದ್ದು ಇವರೇ. 1947ರ ಚುನಾವಣೆಯಲ್ಲೂ ಬದಲಿ ಸದಸ್ಯೆಯಾಗಿ, 1948ರಲ್ಲಿ ಮತ್ತೆ ಶಾಸನಸಭೆಗೆ ಬಂದರು. ಅದೇ ಅಕ್ಟೋಬರ್‌ನಲ್ಲಿ ಸಾಂತಾ ಕತರೀನಾದಲ್ಲಿ ಶಿಕ್ಷಕರ ದಿನ, ಶಾಲೆಗೆ ರಜೆ ಅಂತ ಕಾನೂನು ಬಂತು. ಇಡೀ ದೇಶಕ್ಕೆ ಬಂದದ್ದು 15 ವರ್ಷ ಆದ ಮೇಲೆ, 1963ರಲ್ಲಿ, ಅಧ್ಯಕ್ಷ ಜೊವಾವ್ ಗುಲಾರ್ಟ್ ಆದೇಶದಿಂದ. ನನ್ನ ಆಫೀಸಿನಲ್ಲಿ ಹತ್ತು ಜನರನ್ನು ಕೇಳಿದೆ. ದಿನ ಎಲ್ಲರಿಗೂ ಗೊತ್ತು. ಯಾರು ತಂದರು ಅಂತ ಇಬ್ಬರಿಗೆ ಗೊತ್ತು. ಅದರಲ್ಲಿ ಒಬ್ಬರು ಕಪ್ಪು ಹುಡುಗಿ, ಇಂಟರ್ನ್.

ಹಳೇ ಪುಟ

ಆ ದಿನಾಂಕದ ಹಿಂದಿನ ಕಥೆ ಇನ್ನೂ ವಿಚಿತ್ರ. ಆಚರಣೆ ಅನ್ನುವುದಾದರೆ 1947ರಲ್ಲೇ ಸಾವೊ ಪೌಲೊದ ಒಂದು ಶಾಲೆಯಲ್ಲಿ ಮಾಡಿದ್ದರು. ಕಾನೂನು ಮಾತ್ರ ಆಂತೋನಿಯೇತಾ ಅವರದು. ಆದರೆ ಅಕ್ಟೋಬರ್ 15 ಯಾಕೆ? 1827ರ ಅಕ್ಟೋಬರ್ 15ರಂದು ಚಕ್ರವರ್ತಿ ಮೊದಲನೇ ಪೇದ್ರು ಒಂದು ಕಾನೂನಿಗೆ ಸಹಿ ಹಾಕಿದ. ಎಲ್ಲ ನಗರ, ಊರು, ಜನ ಜಾಸ್ತಿ ಇರುವ ಹಳ್ಳಿಗಳಲ್ಲಿ ಅಕ್ಷರ ಶಾಲೆ ತೆರೆಯಬೇಕು ಅಂತ. ಚೆನ್ನಾಗಿದೆ ಅಲ್ವಾ? ಮುಂದೆ ಓದಿ. ಹುಡುಗಿಯರಿಗೆ ಲೆಕ್ಕದಲ್ಲಿ ಕೂಡು, ಕಳೆ, ಗುಣಿಸು, ಭಾಗಿಸು ಇಷ್ಟೇ ಸಾಕು. ರೇಖಾಗಣಿತ ಬೇಡ. ಅದರ ಬದಲು ಮನೆವಾರ್ತೆಗೆ ಬೇಕಾದ ಕೆಲಸ ಕಲಿಸಿ ಅಂತ ಅದೇ ಕಾನೂನಿನಲ್ಲಿದೆ. ಗುಲಾಮರ ಮಾತಂತೂ ಬಿಡಿ. 1854ರಲ್ಲಿ ರಾಜಧಾನಿ ರಿಯೊಗೆ ಮಾಡಿದ ಶಿಕ್ಷಣ ನಿಯಮದಲ್ಲಿ ಗುಲಾಮರಿಗೆ ಶಾಲೆಗೆ ಪ್ರವೇಶವಿಲ್ಲ ಅಂತ ಬಿಡಿಸಿಯೇ ಬರೆದಿದ್ದರು.

ಯಾವ ಕಾನೂನಿಗೆ ಈಕೆಯ ಅಮ್ಮನಂಥವರು ಲೆಕ್ಕಕ್ಕೇ ಇರಲಿಲ್ಲವೋ, ಅದರ ಹುಟ್ಟುಹಬ್ಬವನ್ನೇ ಈಕೆ ಟೀಚರುಗಳ ಹಬ್ಬ ಮಾಡಿದರು. ಬೇಕಂತಲೇ ಮಾಡಿದರೋ, ಆಗಲೇ ಚಾಲ್ತಿಯಲ್ಲಿದ್ದ ದಿನ ಅಂತ ಒಪ್ಪಿಕೊಂಡರೋ, ನಿಮ್ಮ ಊಹೆಗೆ ಬಿಟ್ಟದ್ದು.

ಕೋಲಾರದ ಟೀಚರ್

ನಾನು ನಿನ್ನೆ ರಾತ್ರಿಯಿಂದ ಒಂದೇ ಯೋಚನೆಯಲ್ಲಿದ್ದೇನೆ. ಆ ಕಾಲದಲ್ಲಿ ಅಕ್ಷರ ಬಾರದವರಿಗೆ ಅಲ್ಲಿ ವೋಟು ಇತ್ತಾ? ಹಳೇ ಪುಟ ಸರ್, ಗೊತ್ತಿದ್ದರೆ ಹೇಳಿ.

ಹಳೇ ಪುಟ

ಮೇಡಂ, ಇರಲಿಲ್ಲ! ನೀವು ಸರಿಯಾದ ಜಾಗಕ್ಕೇ ಕೈ ಹಾಕಿದಿರಿ. ಬ್ರೆಜಿಲ್‌ನಲ್ಲಿ 1881ರ ಕಾನೂನಿನಿಂದ ಓದುಬರಹ ಬಾರದವರಿಗೆ ಹೊಸದಾಗಿ ಮತದಾರರಾಗುವ ದಾರಿ ಮುಚ್ಚಿತು. ಅದು ಮತ್ತೆ ತೆರೆದದ್ದು 1985ರಲ್ಲಿ. ನೂರಕ್ಕೂ ಜಾಸ್ತಿ ವರ್ಷ. 1920ರ ಜನಗಣತಿ ಪ್ರಕಾರ 15 ವರ್ಷ ಮೇಲ್ಪಟ್ಟವರಲ್ಲಿ ಸುಮಾರು 65% ಜನಕ್ಕೆ ಓದು ಬರುತ್ತಿರಲಿಲ್ಲ. ಗುಲಾಮಗಿರಿ ಹೋದದ್ದು 1888ರಲ್ಲಿ. ಅಂದರೆ ಬಿಡುಗಡೆ ಆಗುವ ಏಳು ವರ್ಷ ಮೊದಲೇ ಮತಗಟ್ಟೆಗೆ ಬೀಗ ಬಿದ್ದಿತ್ತು. ಕಾನೂನಿನಲ್ಲಿ 'ಕಪ್ಪು' ಅನ್ನುವ ಪದವೇ ಇಲ್ಲ. ಬೇಕಾಗಲೂ ಇಲ್ಲ.

ಕೋಲಾರದ ಟೀಚರ್

ಹಾಗಾದರೆ 1922ರ ಆ ತರಗತಿಯನ್ನು ಬೇರೆ ಥರ ನೋಡಬೇಕು. ಬಡವರಿಗೆ ಅಕ್ಷರದಾನ, ಪುಣ್ಯದ ಕೆಲಸ ಅಂತ ನಾವೆಲ್ಲ ಮುದ್ದಾಗಿ ಹೇಳ್ತೀವಿ. ಅಲ್ಲ. ಅಲ್ಲಿ 'ಅ' ಕಲಿತ ಒಬ್ಬ ಕೂಲಿಯವನು ಅಂದರೆ ಒಂದು ವೋಟು. 1932 ಆದ ಮೇಲೆ ಹೆಣ್ಣಾಳು ಅಂದರೂ ಒಂದು ವೋಟು. ಮಳೆಗಾಲ ಅವರು 'ಬೀದಿಗಿಳಿಯಲಿಲ್ಲ' ಅಂದರಲ್ಲ. ಆ ದೇಶದಲ್ಲಿ, ಆ ಕಾಲದಲ್ಲಿ, ಬಡವರಿಗೆ ಓದು ಕಲಿಸುವುದೇ ಅತಿ ದೊಡ್ಡ ರಾಜಕೀಯ ಅಲ್ವಾ? 30 ವರ್ಷ ಎಷ್ಟು ಹೆಸರು ಮತದಾರರ ಪಟ್ಟಿಗೆ ಸೇರಿಸಿದರೋ ಆಯಮ್ಮ. ಯಾರೂ ಎಣಿಸಿರಲ್ಲ.

ನಮ್ಮಲ್ಲಿ ಹೀಗಿರಲಿಲ್ಲ. ಮೊದಲ ಚುನಾವಣೆಯಿಂದಲೇ ಹೆಬ್ಬೆಟ್ಟಿನವರಿಗೂ ವೋಟು. ಚಿಹ್ನೆ ನೋಡಿ ಹಾಕಿದರಾಯಿತು. ಅದಕ್ಕೇ ಸಾಕ್ಷರತಾ ಆಂದೋಲನದ ಕಾಲದಲ್ಲಿ ನಾನು ಸಂಜೆ ಪಾಠ ಮಾಡುವಾಗ ವೋಟಿನ ಮಾತೇ ಬರುತ್ತಿರಲಿಲ್ಲ. ಬಂದವರಲ್ಲಿ ಒಬ್ಬ ಅಜ್ಜಿ ಇದ್ದರು. 'ಬಸ್ಸಿನ ಬೋರ್ಡು ಓದಕ್ಕೆ ಬಂದ್ರೆ ಸಾಕಮ್ಮ, ಕೇಳಿದ್ರೆ ಕಂಡಕ್ಟರ್ ಸಿಡುಕ್ತಾನೆ' ಅಂದಿದ್ದರು. 'ಮುಳಬಾಗಿಲು' ಓದುವಷ್ಟು ಕಲಿತು ಆಮೇಲೆ ಬರಲೇ ಇಲ್ಲ! ಅವರಿಗೆ ಬೇಕಾದ್ದು ಸಿಕ್ಕಿತ್ತು.

ಲಿಸ್ಬನ್ ಸೊಸೆ

ಅಕ್ಕಾ, ನಿಮ್ಮ ಅಜ್ಜಿಗೆ ನನ್ನ ನಮಸ್ಕಾರ.

ಇವರ ಜೊತೆ ಇನ್ನೊಬ್ಬರನ್ನೂ ಓದಿ. ಲೇಲಿಯಾ ಗೊನ್ಜಾಲೆಸ್. 1935ರಲ್ಲಿ ಬೆಲೊ ಹೊರಿಜೊಂತೆಯಲ್ಲಿ ಹುಟ್ಟಿದವರು, 18 ಮಕ್ಕಳಲ್ಲಿ 17ನೆಯವರು. ಅಪ್ಪ ಕಪ್ಪು ರೈಲ್ವೆ ಕಾರ್ಮಿಕ, ಅಮ್ಮ ಮೂಲನಿವಾಸಿ ಸಮುದಾಯದವರು, ಮನೆಗೆಲಸ ಮಾಡುತ್ತಿದ್ದರು. ಅಣ್ಣ ಫ್ಲಮೆಂಗೊ ಫುಟ್‌ಬಾಲ್ ತಂಡದಲ್ಲಿ ಆಡಿದ್ದರಿಂದ ಸಂಸಾರ ರಿಯೊಗೆ ಬಂತು. ಇವರು ಓದಿ ಪ್ರೊಫೆಸರ್ ಆದರು. 1978ರ ಜುಲೈ 7ರಂದು, ಮಿಲಿಟರಿ ಸರ್ವಾಧಿಕಾರ ಇದ್ದಾಗಲೇ, ಸಾವೊ ಪೌಲೊದ ಮುನಿಸಿಪಲ್ ರಂಗಮಂದಿರದ ಮೆಟ್ಟಿಲ ಮೇಲೆ ಜನ ಸೇರಿಸಿ ಕಪ್ಪು ಜನರ ಒಕ್ಕೂಟದ ಚಳವಳಿಯನ್ನು ಲೋಕಕ್ಕೆ ಸಾರಿದರಲ್ಲ, ಅದನ್ನು ಕಟ್ಟಿದವರಲ್ಲಿ ಇವರೂ ಒಬ್ಬರು. ಮಳೆಗಾಲ ಅವರು ಕೇಳುವ ಬೀದಿಯ ಹೋರಾಟ ಇಲ್ಲಿದೆ.

ನನಗೆ ತುಂಬಾ ಇಷ್ಟ ಆದದ್ದು ಅವರ 'ಪ್ರೆತುಗೇಸ್' ಅನ್ನುವ ಪದ. ಪ್ರೆತೊ ಅಂದರೆ ಕಪ್ಪು. ಅದನ್ನೂ ಪೋರ್ಚುಗೀಸನ್ನೂ ಬೆಸೆದದ್ದು. ಬಡವರು ಫ್ಲಮೆಂಗೊ ಅನ್ನಲು 'ಫ್ರಮೆಂಗೊ' ಅಂದರೆ ಜನ ನಗುತ್ತಾರೆ. ಲೇಲಿಯಾ ಹೇಳಿದ್ದು: ನಗಬೇಡಿ, ಅದು ತಪ್ಪಲ್ಲ, ಆ 'ರ' ಬಂದದ್ದು ಆಫ್ರಿಕಾದ ಭಾಷೆಗಳಿಂದ. ಇದನ್ನು ಓದಿದಾಗ 'ಹಾಲು' ಅನ್ನಲು 'ಆಲು' ಅನ್ನುತ್ತಿದ್ದ ನನ್ನ ಕ್ಲಾಸ್‌ಮೇಟ್ ನೆನಪಾದಳು. ಇಡೀ ಕ್ಲಾಸು ನಗುತ್ತಿತ್ತು, ಮೇಷ್ಟ್ರೂ ಸೇರಿ. ನಾನೂ ನಕ್ಕಿದ್ದೇನೆ.

ಯಲ್ಲಾಪುರ ಹುಡುಗ

ನಮ್ಮ ಕೊಂಕಣಿ ಕೇಳಿದರೂ ನಗುತ್ತಾರೆ ಅಕ್ಕಾ. ಹಾಸ್ಟೆಲ್‌ನಲ್ಲಿ ನಾನು ಎರಡು ವರ್ಷ ಮಾತೇ ಆಡಿರಲಿಲ್ಲ.

ಬೆಣ್ಣೆದೋಸೆ

ಒಂದು ಪ್ರಶ್ನೆ. ಈಗ ಅಲ್ಲಿ ಶಾಲೆಯಲ್ಲಿ ಇದನ್ನೆಲ್ಲ ಕಲಿಸ್ತಾರಾ? ಅಥವಾ ಬರೀ ಸುರಂಗಕ್ಕೆ ಹೆಸರಿಟ್ಟು ಕೈ ತೊಳೆದುಕೊಂಡರಾ?

ಹಳೇ ಪುಟ

ಕಲಿಸಬೇಕು ಅಂತ ಕಾನೂನಿದೆ. 2003ರ ಜನವರಿಯಲ್ಲಿ ಬಂದ 10.639ನೇ ಕಾನೂನು. ಎಲ್ಲ ಶಾಲೆಗಳಲ್ಲೂ ಆಫ್ರೊ-ಬ್ರೆಜಿಲಿಯನ್ ಚರಿತ್ರೆ, ಸಂಸ್ಕೃತಿಯ ಪಾಠ ಕಡ್ಡಾಯ. ಅದನ್ನು ಹೇಗೆ ಕಲಿಸಬೇಕು ಅನ್ನುವ 2004ರ ಮಾರ್ಗಸೂಚಿಯ ವರದಿ ಬರೆದವರೂ ಕಪ್ಪು ಮಹಿಳಾ ಪ್ರೊಫೆಸರ್, ಪೆತ್ರೊನೀಲ್ಯಾ ಗೊನ್ಸಾಲ್ವೆಸ್ ಇ ಸಿಲ್ವಾ. 2012ರಲ್ಲಿ ಕೇಂದ್ರ ಸರ್ಕಾರದ ವಿಶ್ವವಿದ್ಯಾಲಯಗಳಿಗೆ ಮೀಸಲಾತಿ ಕಾನೂನು ಬಂತು. ಅರ್ಧ ಸೀಟು ಸರ್ಕಾರಿ ಶಾಲೆಯಲ್ಲಿ ಓದಿದವರಿಗೆ. ಅದರೊಳಗೆ ಕಪ್ಪು, ಮಿಶ್ರ ಬಣ್ಣದ, ಮೂಲನಿವಾಸಿ ಮಕ್ಕಳಿಗೆ ಆಯಾ ರಾಜ್ಯದ ಜನಸಂಖ್ಯೆಗೆ ತಕ್ಕ ಪಾಲು.

ವೇದಿಕೆ ನಿರ್ವಾಹಕ

ಮೀಸಲಾತಿ ಪದ ಕಂಡ ತಕ್ಷಣ ಬಂದ ಮೂರು ಕಾಮೆಂಟ್ ತೆಗೆದಿದ್ದೇನೆ. ಆ ಜಗಳಕ್ಕೆ ಇಲ್ಲಿ ಬೇರೆ ಎಳೆಗಳು ಬೇಕಾದಷ್ಟಿವೆ. ದಯವಿಟ್ಟು ಆಂತೋನಿಯೇತಾ ಅವರ ಹತ್ತಿರವೇ ಇರಿ.

ಫ್ಲೋರಿಪಾ ಕನ್ನಡಿಗ

ಬೆಣ್ಣೆದೋಸೆ ಅವರೇ (ಹೆಸರು ನೋಡಿ ಹಸಿವಾಯಿತು, ಊರು ನೆನಪಾಯಿತು), ಬರೀ ಸುರಂಗ ಅಲ್ಲ. ಶಾಸನಸಭೆಯ ಸಭಾಂಗಣಕ್ಕೂ ಅವರ ಹೆಸರಿದೆ. 2023ರ ಜನವರಿಯಲ್ಲಿ, ಲೂಲಾ ಮತ್ತೆ ಅಧ್ಯಕ್ಷರಾದ ಮೊದಲ ವಾರದಲ್ಲೇ, ಅವರ ಹೆಸರನ್ನು 'ನಾಡಿನ ವೀರ-ವೀರಾಂಗನೆಯರ ಪುಸ್ತಕ'ಕ್ಕೆ ಸೇರಿಸುವ ಕಾನೂನಿಗೆ ಸಹಿ ಬಿತ್ತು. ಈ ಪುಸ್ತಕ ಬ್ರೆಸೀಲಿಯಾದಲ್ಲಿದೆ, ಹಾಳೆಗಳು ಉಕ್ಕಿನವು.

ನಿನ್ನೆ ಆ ಇಂಟರ್ನ್ ಹುಡುಗಿಗೆ ಈ ಚರ್ಚೆಯ ಬಗ್ಗೆ ಹೇಳಿದೆ. ಭಾರತದಲ್ಲಿ ಯಾರೋ ಕೂತು ಇವರ ಬಗ್ಗೆ ಜಗಳ ಆಡ್ತಿದಾರೆ ಅಂತ ಕೇಳಿ ನಂಬಲಿಲ್ಲ. ಕನ್ನಡ ಅಕ್ಷರ ತೋರಿಸಿದೆ. ಇದರಲ್ಲಿ ಆಂತೋನಿಯೇತಾ ಎಲ್ಲಿದೆ ಅಂತ ಕೇಳಿದಳು. ಬೆರಳಿಟ್ಟು ತೋರಿಸಿದೆ. ಫೋಟೊ ತೆಗೆದು ಅವಳ ಅಮ್ಮನಿಗೆ ಕಳಿಸಿದಳು. ಅವರೂ ಟೀಚರ್ ಅಂತೆ.

ಕೋಲಾರದ ಟೀಚರ್

ಆ ಮಗುವಿಗೆ ಕೋಲಾರದಿಂದ ಒಬ್ಬ ಟೀಚರ್ ಕೇಳಿದರು ಅಂತ ಹೇಳಪ್ಪ.

ಈ ಸಲ ಸೆಪ್ಟೆಂಬರ್ 5ಕ್ಕೆ ನನ್ನ ಏಳನೇ ಕ್ಲಾಸಿನ ಮಕ್ಕಳಿಗೆ ಇವರ ಕಥೆ ಹೇಳಬೇಕು ಅಂತಿದೀನಿ. ಮೊದಲು ಅವರ ಹೆಸರು ಸರಿಯಾಗಿ ಹೇಳೋದು ಕಲಿಸಿ. ಬಾರೋಸ್ ತಾನೆ?

ಫ್ಲೋರಿಪಾ ಕನ್ನಡಿಗ

ಬರೆಯುವುದು ಹಾಗೆ ಅಕ್ಕಾ. ಇಲ್ಲಿಯವರ ಬಾಯಲ್ಲಿ 'ಬಾಹುಸ್' ಅಂತ ಕೇಳುತ್ತದೆ. ಎರಡು 'ರ' ಒಟ್ಟಿಗೆ ಬಂದರೆ 'ಹ' ಆಗಿಬಿಡುತ್ತದೆ.

ಲಿಸ್ಬನ್ ಸೊಸೆ

ನಮ್ಮ ಕಡೆ 'ಬಾರ್ರುಶ್' ಅಂತಾರೆ. ಆದರೆ ಅವರು ಬ್ರೆಜಿಲ್‌ನವರು, ಅವರ ಊರಿನ ಥರಾನೇ ಹೇಳಿ ಅಕ್ಕಾ.

ಕೋಲಾರದ ಟೀಚರ್

'ಬಾಹುಸ್'. ಸರಿ. ನಮ್ಮ ಮಕ್ಕಳು 'ಬಾವುಸ್' ಅಂತಾರೆ ನೋಡ್ತಿರಿ. ಅಂದರೆ ಅನ್ನಲಿ, ನಾನು ತಿದ್ದಲ್ಲ.